ಪರದೆ ಪಾಠದ ಊರಿನಿಂದ

ವಿಜಯಪುರ, ೨೨೧೪ನೇ ಇಸವಿ, ಫೆಬ್ರವರಿ ಮೂವತ್ತು

ಇನ್ನೂರು ವರ್ಷ ಹಿಂದಿನ ಹಿರಿಯರೇ,

ತಾರೀಖು ನೋಡಿ ನಗಬೇಡಿ. ನಾವು ಫೆಬ್ರವರಿಗೆ ಮೂವತ್ತು ದಿನ ಕೊಟ್ಟು ಬಹಳ ಕಾಲವಾಯಿತು. ನನ್ನ ಕೆಲವು ಮಾತು ವಿಚಿತ್ರ ಎನಿಸಿದರೆ ಕ್ಷಮಿಸಿ, ನಿಮ್ಮ ಕಾಲದ ಕನ್ನಡ ನಾನು ಓದಿ ಕಲಿತದ್ದು. ನಾನು ಗುರುಬಾಯಿ, ಎಪ್ಪತ್ತು ದಾಟಿದ ಮುದುಕಿ. ಶಾಲೆಯಲ್ಲಿ ಮಕ್ಕಳಿಗೆ ಧರ್ಮ ಕಲಿಸಬೇಕೋ ಬೇಡವೋ ಎಂದು ನೀವು ಜಗಳವಾಡುತ್ತಿದ್ದಿರಂತೆ. ಆ ಜಗಳವನ್ನು ನಾವು ಹೇಗೆ ಮುಗಿಸಿದೆವು ಎಂದು ಹೇಳುತ್ತೇನೆ.

ನಮ್ಮಲ್ಲಿ ಗುರುವಾರ ಬೆಳಿಗ್ಗೆ ಪರದೆ ಪಾಠ. ವಾರಕ್ಕೊಂದು ಧರ್ಮದವರು ಬಂದು ಪರದೆಯ ಹಿಂದೆ ಕುಳಿತು ತಮ್ಮ ದೇವರ ಕತೆ ಹೇಳುತ್ತಾರೆ. ದೇವರಿಲ್ಲ ಎನ್ನುವವರಿಗೂ ಒಂದು ವಾರ ಇದೆ. ಎಲ್ಲರ ದನಿಯನ್ನೂ ಯಂತ್ರ ಒಂದೇ ತೆರನಾಗಿ ಸಪ್ಪೆ ಮಾಡಿ ಕಳಿಸುತ್ತದೆ. ಮುಖ ನೋಡಿ, ದನಿ ಕೇಳಿ ಮಗು ಯಾರ ಕಡೆಗೂ ವಾಲಬಾರದಲ್ಲ! ಮನೆಯಲ್ಲಿ ಬಾಯಿಬೀಗ: ಹದಿನಾಲ್ಕು ತುಂಬುವವರೆಗೆ ಹಿರಿಯರು ತಮ್ಮ ನಂಬಿಕೆ ಹೇಳುವಂತಿಲ್ಲ, ಮಗುವಿನ ನಂಬಿಕೆ ಕೇಳುವಂತೆಯೂ ಇಲ್ಲ. ಮಕ್ಕಳಿಗೆ ಬಡಿದು ಧರ್ಮ ಬಾಯಿಪಾಠ ಮಾಡಿಸಿದ ಕಾಲವನ್ನು ಕಂಡವರು ಒಳ್ಳೆಯ ಮನಸ್ಸಿನಿಂದಲೇ ಮಾಡಿದ ಕಾಯ್ದೆ. ನಾನೂ ಚಾಚೂ ತಪ್ಪದೆ ಪಾಲಿಸಿದೆ. ಬೆಳಿಗ್ಗೆ ಬಾಗಿಲು ಹಾಕಿಕೊಂಡೇ ಅಂಗೈಯಲ್ಲಿ ಇಷ್ಟಲಿಂಗ ಹಿಡಿದು ಕೂರುತ್ತಿದ್ದೆ.

ಮೊಮ್ಮಗಳು ನೇಸರಿಗೆ ಒಂಬತ್ತು. ಅವಳ ಅಪ್ಪ ಅವ್ವ ದೂರದ ಕರಾವಳಿಯಲ್ಲಿ ಕಡಲ ನೀರನ್ನು ಸಿಹಿ ಮಾಡುವ ಕೇಂದ್ರದಲ್ಲಿ ದುಡಿಯುತ್ತಾರೆ, ಹಾಗಾಗಿ ಅವಳು ಬೆಳೆದದ್ದು ನಮ್ಮ ಬಳಿ. ಹೋದ ಕಾರ್ತಿಕದಲ್ಲಿ ನನ್ನ ಯಜಮಾನರು, ಅವಳ ಮುತ್ಯಾ ಮಲಕಪ್ಪ ತೀರಿಕೊಂಡರು. ಆಮೇಲೆ ಹುಡುಗಿ ಸರಿಯಾಗಿ ಊಟ ಮಾಡಲಿಲ್ಲ. ಒಂದು ಬೆಳಿಗ್ಗೆ ಬಾಗಿಲ ಆಚೆ ನಿಂತು ಕೇಳಿದಳು: "ಆಯಿ, ಮುತ್ಯಾ ಎಲ್ಲಿಗೆ ಹೋದ? ಒಳಗ ದಿನಾ ಯಾರ ಜೋಡಿ ಮಾತಾಡ್ತಿ? ನನಗ ಯಾಕ ಹೇಳವಲ್ಲಿ?"

ಕಾಯ್ದೆ ಸುಡಲಿ ಎಂದು ಬಾಗಿಲು ತೆಗೆದೆ. ಲಿಂಗ ತೋರಿಸಿದೆ, ನನ್ನ ನಂಬಿಕೆ ಹೇಳಿದೆ, ಮುತ್ಯಾ ಎಲ್ಲಿದ್ದಾನೆಂದು ನನಗೂ ಖಾತ್ರಿಯಿಲ್ಲ ಎಂದೂ ಹೇಳಿದೆ. ಅವಳು ಬಗ್ಗಿ ಲಿಂಗವನ್ನು ನೋಡಿದಳು. "ನನಗ ಇದು ಬ್ಯಾಡ ಆಯಿ. ನಿನ್ನ ಬಾಜೂಕ ಕುಂಡ್ರತೀನಿ, ಅಷ್ಟ" ಎಂದಳು. ಅಂದು ಹೊಟ್ಟೆ ತುಂಬ ರೊಟ್ಟಿ ತಿಂದಳು.

ಶಾಲೆಯಲ್ಲಿ ಇದನ್ನು ಸಂಭ್ರಮದಿಂದ ಹೇಳಹೊರಟಳು. ಆಯಿ ಲಿಂಗ ತೋರಿಸಿದಳು ಎನ್ನುವಷ್ಟರಲ್ಲೇ ಟೀಚರು ಅವಳನ್ನು ಸುಮ್ಮನಾಗಿಸಿ, ಕಾಯ್ದೆ ಮುರಿದೆನೆಂದು ನನ್ನ ಮೇಲೆ ದೂರು ಕೊಟ್ಟರು. ಅವಳನ್ನು ನನ್ನ ಮನೆಯಲ್ಲಿ ಬಿಡಬೇಕೋ, ಮಕ್ಕಳ ವಸತಿಗೆ ಒಯ್ಯಬೇಕೋ ಎಂದು ತೀರ್ಮಾನಿಸಲು ನಾಳೆ ಶಾಲೆಯ ಪಂಚರು ಸೇರುತ್ತಾರೆ. ಅವರು ಕೆಟ್ಟವರಲ್ಲ. ಆದರೆ ನೇಸರಿಯನ್ನು ಕರೆದಿಲ್ಲ; ನಂಬಿಕೆಯ ವಿಷಯ ಮಗುವನ್ನು ಕೇಳುವಂತಿಲ್ಲವಲ್ಲ. ಅವಳು ಬೇಡ ಎಂದದ್ದು ಅವರಿಗೆ ಗೊತ್ತೇ ಇಲ್ಲ.

ಕಲಿಸಲೇಬೇಕು ಎನ್ನುವವರೇ, ಬಾಯಿ ಮುಚ್ಚಿಸಿ ಎನ್ನುವವರೇ, ಇಬ್ಬರಲ್ಲೂ ನನ್ನದು ಒಂದೇ ಬೇಡಿಕೆ. ನಿಮ್ಮ ಸಭೆಗಳಿಗೆ ಮಕ್ಕಳನ್ನೂ ಕರೆಯಿರಿ. ಅವರು ಕೇಳಿದ್ದಕ್ಕೆ ನಿಜ ಹೇಳಿ, ಬೇಡ ಎಂದರೆ ಬಿಡಿ. ನೀವು ಈಗಲೇ ರೂಢಿ ಮಾಡಿದರೆ ನಮ್ಮ ಕಾಲಕ್ಕೆ ಅದು ತಲುಪೀತು. ನಾಳೆ ನಾನಂತೂ ನೇಸರಿಯ ಕೈ ಹಿಡಿದುಕೊಂಡೇ ಸಭೆಗೆ ಹೋಗುತ್ತೇನೆ. ಹಾಗೆಯೇ ಹಿಡಿದುಕೊಂಡು ಮನೆಗೆ ಬರುವಂತೆ ಮಾಡುವುದು ನಿಮಗೆ ಬಿಟ್ಟದ್ದು.

ಇನ್ನೂ ಹುಟ್ಟದ ನಿಮ್ಮ ಮಗಳು,
ಗುರುಬಾಯಿ