ಕಲ್ಲುಗುಂಡಿಯ ನೆರೆಯನ್ನು ಗಲಭೆ ಮಾಡಿದರು

ಸದಾನಂದಣ್ಣಾ,

ಕಳೆದ ಭಾನುವಾರ ಸಂಜೆ ಒಂದು ಟಿವಿ ಚಾನೆಲ್ ನೀವು ಎಷ್ಟೋ ವರ್ಷದ ಹಿಂದೆ ಕಲ್ಲುಗುಂಡಿಯಲ್ಲಿ ತೆಗೆದ ನೆರೆಯ ವಿಡಿಯೋವನ್ನು ಕೋಮುಗಲಭೆ ಎಂದು ತೋರಿಸಿತು. ಗಲಭೆ ಮಾಡಿದವರು ಇವರೇ ಎಂಬಂತೆ ಆ ಊರಿನ ಕುಶಾಲಪ್ಪ ಗೌಡರ ಮುಖಕ್ಕೆ ಕೆಂಪು ವೃತ್ತ ಹಾಕಿ ತೋರಿಸಿತು.

ಆ ದಿನ ನೆನಪುಂಟಲ್ಲ? ಸಂಪಾಜೆಯ ಮದುವೆ ಶೂಟಿಂಗ್ ಮುಗಿಸಿ ನಾವಿಬ್ಬರೂ ಪುತ್ತೂರಿಗೆ ಹಿಂದಿರುಗುತ್ತಿದ್ದೆವು. ನೆರೆ ಬಂದ ಹೊಳೆಯಲ್ಲಿ ಜೀಪೊಂದು ಸಿಕ್ಕಿಬಿದ್ದಿತ್ತು, ಒಳಗೆ ಜನ. ಮೀನು ಮಾರುವ ಅಬೂಬಕರ್ ಬ್ಯಾರಿ ಕೂಗುತ್ತಾ ಮುಂದೆ ಓಡಿದರು. ಭಜನೆಗೆ ಹೊರಟಿದ್ದ ಗೌಡರೂ ಜೊತೆಯವರೂ ಕೇಸರಿ ಶಾಲಿನಲ್ಲೇ ಹಿಂದೆ ಓಡಿದರು. ಕೈಯಲ್ಲಿ ಬಿದಿರಿನ ಉದ್ದ ಗಳ, ಬಳ್ಳಿ ಸವರಲು ಕತ್ತಿ. ಹೊಳೆ ಕಾಣದಂತೆ ಕತ್ತರಿಸಿದರೆ ಅದು ಯಾವ ದೃಶ್ಯವಾಗುತ್ತದೆ, ಹೇಳಿ.

ಪ್ರತಿ ಕ್ಯಾಸೆಟ್ಟಿನ ಆರಂಭದಲ್ಲಿ ಊರು, ಸಂಗತಿ ಎಲ್ಲ ನೀವೇ ಮೈಕಿಗೆ ಹೇಳುತ್ತಿದ್ದಿರಿ. ಎಂತಕ್ಕೆ ಎಂದು ಕೇಳಿದರೆ, “ಅಂಟಿಸಿದ ಚೀಟಿ ಉದುರ್ತದೆ ಮಾರಾಯ, ಸ್ವರ ಉದುರುದಿಲ್ಲ” ಎಂದು ನಕ್ಕಿದ್ದಿರಿ. ಆ ಸ್ವರವನ್ನೇ ಚಾನೆಲಿನವರು ತೆಗೆದು ಅದರ ಜಾಗದಲ್ಲಿ ನಗಾರಿ ಬಾರಿಸಿದ್ದಾರೆ. ಹಳೇ ಪುತ್ತೂರಿನ ಬಗ್ಗೆ ಕಾರ್ಯಕ್ರಮ, ನೀವು ತೀರಿಹೋದ ಮೇಲಾದರೂ ನಿಮ್ಮ ಹೆಸರು ಬರುತ್ತದೆ ಎಂದು ಅವರು ಹೇಳಿದ್ದನ್ನು ನಂಬಿ ನಿಮ್ಮ ಮನೆಯಲ್ಲಿ ಅಕ್ಕ ಕ್ಯಾಸೆಟ್ ಕೊಟ್ಟದ್ದು. ಬಂದದ್ದು ಮೂಲೆಯಲ್ಲಿ ‘ಸಂಗ್ರಹ ದೃಶ್ಯ’ ಎಂಬ ಎರಡೇ ಪದ.

ಚಾನೆಲಿಗೆ ಫೋನು ಮಾಡಿದೆ. “ಸಾಂದರ್ಭಿಕ ದೃಶ್ಯ ಸರ್, ಎಲ್ಲರೂ ಹಾಕ್ತಾರೆ” ಎಂದ ಒಬ್ಬ. ಗೌಡರ ಮುಖ ಸಾಂದರ್ಭಿಕವೇ? ಬದುಕಿರುವ ಮನುಷ್ಯ, ದಿನಾ ಪೇಟೆಗೆ ಬರಬೇಕಾದವರು?

ಮೊನ್ನೆ ಅಬೂಬಕರ್ ಬ್ಯಾರಿಗಳ ಜೊತೆ ಗೌಡರ ಮನೆಗೆ ಹೋದೆ. ಗೌಡರು ತಲೆ ಎತ್ತಲಿಲ್ಲ.

“ನನ್ನನ್ನು ಕಡಿಲಿಕ್ಕೆ ಬಂದದ್ದಂತೆ ನೀವು,” ಎಂದರು ಬ್ಯಾರಿಗಳು. “ಓಡಿ ನನ್ನನ್ನು ಮುಟ್ಟುವ ತಾಕತ್ತು ನಿಮಗೆ ಯಾವಾಗ ಇತ್ತು ಮಾರಾಯ್ರೆ?”

ಗೌಡರು ನಗಲಿಲ್ಲ. “ನನ್ನ ಮೊಮ್ಮಗಳು ಕೇಳಿದ್ಳು, ಅಜ್ಜ, ಆ ಕತ್ತಿ ಈಗ ಎಲ್ಲುಂಟು ಅಂತ.”

ಬ್ಯಾರಿಗಳು ಎದ್ದು ಹೋಗಿ ಗೌಡರ ಪಕ್ಕದಲ್ಲಿ ಕೂತರು.

ನಿಮಗೆ ಗೊತ್ತಿಲ್ಲದ ಸುದ್ದಿ ಒಂದುಂಟು. ಆ ಜೀಪಿನಿಂದ ಗೌಡರು ಎತ್ತಿ ತಂದ ಮಗು ಈಗ ಕಡಬದಲ್ಲಿ ಟೀಚರ್. ಕ್ಯಾಮೆರಾದ ಮುಂದೆ ಕೂತು ನಡೆದದ್ದನ್ನು ಹೇಳಲು ಅವಳು ತಯಾರಿದ್ದಾಳೆ. ಬ್ಯಾರಿಗಳೂ ಬರುತ್ತಾರೆ, ನಾನೂ.

ಫೋನಿನಲ್ಲಿ ಕ್ಷಮೆ ನಮಗೆ ಬೇಡ. ಅದೇ ಚಾನೆಲ್, ಅದೇ ಭಾನುವಾರದ ಸಮಯದಲ್ಲಿ, ಇಡೀ ವಿಡಿಯೋವನ್ನು ಹೊಳೆಯವರೆಗೂ ತೋರಿಸಬೇಕು. ಆ ಕೆಂಪು ವೃತ್ತ ಎಳೆದವರು ಯಾರು, ಯಾಕೆ ಎಳೆದರು ಎಂದು ಊರೆಲ್ಲ ಕೇಳುವಂತೆ ಉತ್ತರ ಕೊಡಬೇಕು.