ಕೊನೆಯ ನಿಮಿಷಕ್ಕೆ ಮೊದಲು

ಮನೆ,
ಮಾರ್ಚ್ ೧೪, ಭಾನುವಾರ ಮಧ್ಯಾಹ್ನ

ಪ್ರೀತಿಯ ಅಣ್ಣಾ,

ಹೇಗಿದ್ದೀಯ? ಬೆನ್ನುನೋವು ಕಡಿಮೆಯಾಯಿತೇ? ಅತ್ತಿಗೆ ಹೇಳಿದ ವ್ಯಾಯಾಮ ಮಾಡುತ್ತಿದ್ದೀಯೋ, ಇಲ್ಲ ಮಾಡಿದೆ ಎಂದು ಸುಳ್ಳು ಹೇಳುತ್ತಿದ್ದೀಯೋ? ನಾವೆಲ್ಲ ಚೆನ್ನಾಗಿದ್ದೇವೆ. ಫೋನಿನಲ್ಲಿ ಅಪ್ಪನ ಸುದ್ದಿ ಎತ್ತಿದರೆ ನೀನು ಮಾತು ತಿರುಗಿಸುತ್ತೀಯ. ಕಾಗದ ತಿರುಗಿಸಿದರೆ ಆ ಕಡೆಯೂ ನಾನೇ ಇರುತ್ತೇನೆ, ಅದಕ್ಕೇ ಬರೆಯುತ್ತಿದ್ದೇನೆ.

ಹೋದ ವಾರ ಬೀರುವಿನಲ್ಲಿ ನಿನ್ನ ಒಗಟಿನ ಕಿರುಚಿತ್ರಗಳ ಕ್ಯಾಸೆಟ್ಟುಗಳು ಸಿಕ್ಕವು. ಸ್ಟುಡಿಯೋದವರು ಕಂಪ್ಯೂಟರಿಗೆ ಹಾಕಿಕೊಟ್ಟರು. ನಮ್ಮ ವಾಚ್ ರಿಪೇರಿ ಅಪ್ಪನೇ ನಾಯಕ, ಅವರ ಅಂಗಡಿಯೇ ಸೆಟ್ಟು! ಕೊನೆಯ ಚಿತ್ರದಲ್ಲಿ ಗಿರಾಕಿಯ ಕಳೆದುಹೋದ ವಾಚಿಗಾಗಿ ಡ್ರಾಯರು, ಮೇಜಿನಡಿ, ಕೊನೆಗೆ ಗಿರಾಕಿಯ ಟೋಪಿಯೊಳಗೂ ಹುಡುಕುತ್ತಾರೆ. ಅದನ್ನು ಮೊದಲಿನಿಂದಲೂ ತಮ್ಮ ಕೈಗೇ ಕಟ್ಟಿಕೊಂಡಿರುತ್ತಾರೆ. ಏಳನೆಯ ನಿಮಿಷಕ್ಕೆ ಚಿತ್ರ ನಿಲ್ಲಿಸಿ ದೀಪ ಹಾಕುವುದು, ಜನ ಚೀಟಿಯಲ್ಲಿ ಉತ್ತರ ಬರೆಯುವುದು, ಆಮೇಲೆ ಕೊನೆಯ ನಿಮಿಷ ತೋರಿಸುವುದು. ಎಂಥ ಚೆಂದದ ದಿನಗಳಣ್ಣಾ ಅವು! ನೀನು ಪರದೆಯನ್ನು ನೋಡುತ್ತಲೇ ಇರಲಿಲ್ಲ, ಜನರ ಮುಖವನ್ನೇ ನೋಡುತ್ತಿದ್ದೆ.

ಆದರೆ ಈ ವಾಚಿನ ಚಿತ್ರದ ಮೊದಲ ಪ್ರದರ್ಶನದಲ್ಲಿ ಎರಡನೆಯ ನಿಮಿಷಕ್ಕೇ ಸಭಾಂಗಣವೆಲ್ಲ "ಕೈಲೇ ಇದೆ, ಕೈಲೇ ಇದೆ!" ಎಂದು ಕೂಗಿತು. ನೀನು ಎಲ್ಲರೆದುರು ಅಪ್ಪನ ಮೇಲೆ ಎಗರಿದೆ: "ನಿಮ್ ಬಾಯಲ್ಲಿ ಎಳ್ಳುಕಾಳೂ ನೆನೆಯಲ್ಲ!" ಅಪ್ಪ ತಲೆ ತಗ್ಗಿಸಿ ನಿಂತರು. ಆಮೇಲೆ ನೀನು ಕ್ಯಾಮೆರಾ ಮುಟ್ಟಲಿಲ್ಲ, ಅಪ್ಪನ ಜೊತೆ ಮಾತೂ ಆಡಲಿಲ್ಲ. ಹನ್ನೊಂದು ವರ್ಷವಾಯಿತು.

ನಿನ್ನೆ ಅಪ್ಪ ಆ ಚಿತ್ರವನ್ನು ಮೂರು ಸಲ ನೋಡಿದರು. ತಮ್ಮ ಪೇಚಾಟಕ್ಕೆ ತಾವೇ ಕಣ್ಣಲ್ಲಿ ನೀರು ಬರುವಷ್ಟು ನಕ್ಕರು. ನಗು ನಿಂತ ಮೇಲೆ, "ಅವನು ಈಗ್ಲೂ ಏನಾದ್ರೂ ತೆಗೀತಾನಾ?" ಎಂದು ಕೇಳಿದರು.

ಅತ್ತಿಗೆಗೆ ನಮಸ್ಕಾರ, ಮಗುವಿಗೊಂದು ಮುತ್ತು. ಅಮ್ಮ ಮೂವರಿಗೂ ಆಶೀರ್ವಾದ ಹೇಳಿದ್ದಾಳೆ.

ನಿನ್ನ
ಗುಬ್ಬಿ

ತಾ.ಕ.: ಇಷ್ಟು ಬರೆದೂ ಹೇಳಬೇಕಾದ್ದನ್ನೇ ಹೇಳಿಲ್ಲ. ಅಂದು ಉತ್ತರ ಬಿಟ್ಟುಕೊಟ್ಟಿದ್ದು ಅಪ್ಪ ಅಲ್ಲ, ನಾನು. ಅದರ ಹಿಂದಿನ ಚಿತ್ರಕ್ಕೆ ಒಬ್ಬರೂ ಉತ್ತರ ಬರೆಯದೆ ಎದ್ದುಹೋದಾಗ ನೀನು ಎರಡು ದಿನ ಉಂಡಿರಲಿಲ್ಲ. ಈ ಸಲ ನಾಲ್ಕು ಜನರಾದರೂ ಸರಿ ಬರೆಯಲಿ ಎಂದು ಪಕ್ಕದಲ್ಲಿದ್ದ ಟೀಚರಮ್ಮನ ಕಿವಿಯಲ್ಲಿ ಹೇಳಿದೆ, ಅದು ಸಾಲಿನಿಂದ ಸಾಲಿಗೆ ಹೋಯಿತು. ಅಪ್ಪ ನೋಡಿದ್ದರು. "ನೀನು ಸುಮ್ನಿರು. ನನ್ ಮೇಲಿನ ಕೋಪ ಅವನಿಗೆ ನಾಲ್ಕು ದಿನದಲ್ಲಿ ಇಳಿಯುತ್ತೆ" ಎಂದರು. ನಾನು ಹೇಡಿ, ಸುಮ್ಮನಿದ್ದೆ. ಬೈಯುವುದಿದ್ದರೆ ನನ್ನನ್ನು ಬೈ. ಅಂಗಡಿಯ ನಂಬರು ಅದೇ ಇದೆ, ಬೆಳಿಗ್ಗೆ ಹತ್ತಕ್ಕೆ ಬಾಗಿಲು ತೆಗೆಯುತ್ತಾರೆ.