ಮೈಗೆ ಪ್ಲಾಸ್ಟರ್ ಸುತ್ತುವ ಮೊದಲು

ಮನೆಯಿಂದ, ಹದಿನಾಲ್ಕನೇ ತಾರೀಖು, ಸೋಮವಾರ

ಪ್ರೀತಿಯ ಸಣ್ಣೀ,

ಹೇಗಿದ್ದೀಯ? ಹೊತ್ತಿಗೆ ಸರಿಯಾಗಿ ಉಣ್ಣುತ್ತೀಯೋ, ಇಲ್ಲ ಅದನ್ನೂ ಪ್ರದರ್ಶನಕ್ಕೆ ಅಂತ ಬಿಟ್ಟಿದ್ದೀಯೋ? ನಿಮ್ಮಮ್ಮನ ಮಂಡಿನೋವು ಹಾಗೇ ಇದೆ. ನನಗೆ ರೋಗ ಏನಿಲ್ಲ, ಸಾಕಾಗಿದೆ ಅಷ್ಟೆ. ಬೆಳಿಗ್ಗೆ ಎದ್ದರೆ ಯಾಕೆ ಎದ್ದೆನೋ ಅನ್ನಿಸುತ್ತದೆ. ನಾಲ್ಕನೇ ಕ್ಲಾಸಿಗೇ ಶಾಲೆ ಬಿಟ್ಟವನ ಕಾಗದ, ತಪ್ಪಿದ್ದರೆ ಹೊಟ್ಟೆಗೆ ಹಾಕಿಕೊ.

ನಾವು ಮಾತು ಬಿಟ್ಟು ಮೂರು ತಿಂಗಳಾಯಿತು. ಆವತ್ತು ನೀನು ನನ್ನ ಖಾಕಿ ಅಂಗಿ ತೊಟ್ಟು, ಮೀಸೆ ಬರೆದುಕೊಂಡು, ನನ್ನ ಹಾಗೇ ಎಡಗಾಲು ಎಳೆಯುತ್ತ ಸಭೆಯ ಮುಂದೆ ನಡೆದೆ. ಜನ ನಕ್ಕರು. ಪಕ್ಕದಲ್ಲಿದ್ದ ನಿಮ್ಮತ್ತೆ ಬೇರೆ "ಅಣ್ಣಾ, ನೀನೇ ಎದ್ದು ಹೋದಂಗಿದೆ ಕಣೋ" ಅಂದಳು. ನಾನು ನಿಜವಾಗಿಯೇ ಎದ್ದು ಬಂದೆ. ಮೂಳೆ ಆಸ್ಪತ್ರೆಯ ಪ್ಲಾಸ್ಟರ್ ಕೋಣೆಯಲ್ಲಿ ಮೂವತ್ತೊಂದು ವರ್ಷ ನಿಂತು ಸವೆದ ಕಾಲು ಅದು. "ಈ ಮೈ ಯಾರದು ಅಂತ ಕೇಳ್ತಿದೀನಪ್ಪಾ" ಅಂದೆ ನೀನು ಆಮೇಲೆ. ಯಾರದು ಅಂದರೆ? ನಿನ್ನದೇ. ಅನುಮಾನವಿದ್ದರೆ ಹೆತ್ತವಳು ಅಡುಗೆಮನೆಯಲ್ಲಿದ್ದಾಳೆ, ಅವಳನ್ನೇ ಕೇಳು.

ನಿನ್ನೆ ಅವಳು, "ನಿಮ್ ಮಗಳು ಈ ಸಲ, ಬರೋ ಶುಕ್ರವಾರ, ಕತ್ತಿಂದ ಮಂಡಿ ತನಕ ಪ್ಲಾಸ್ಟರ್ ಸುತ್ಕೊಂಡು ದಿನವೆಲ್ಲ ನಿಂತ್ಕೋತಾಳಂತೆ, ಸಂಜೆ ತಾನೇ ಒಡ್ಕೊಂಡು ಆಚೆ ಬರ್ತಾಳಂತೆ" ಅಂದಳು. ಸುತ್ತುವವರು ಯಾರು ಅಂದರೆ, ಗೊಂಬೆ ಮಾಡುವ ನಿನ್ನ ಸ್ನೇಹಿತರಂತೆ. ನನ್ನ ತಲೆ ಕೆಟ್ಟುಹೋಯಿತು. ಅದೇನು ಗೋಡೆಗೆ ಸುಣ್ಣ ಬಳಿದ ಹಾಗೆ ಅಂದುಕೊಂಡಿರಾ? ಪ್ಲಾಸ್ಟರ್ ಗಟ್ಟಿಯಾಗುವಾಗ ತಾನಾಗಿಯೇ ಕಾಯುತ್ತದೆ. ದಪ್ಪಗೆ ಮೆತ್ತಿದರೆ ಒಳಗಿನ ಚರ್ಮ ಬೇಯುತ್ತದೆ, ಕೂಗಿಕೊಂಡರೂ ತಕ್ಷಣ ಬಿಚ್ಚಲು ಬರುವುದಿಲ್ಲ. ಮೊದಲು ಹತ್ತಿ ಸುತ್ತಬೇಕು, ಆಮೇಲೆ ತೆಳ್ಳಗೆ ಒಂದೊಂದೇ ಪದರ. ಹೊಟ್ಟೆಯ ಮೇಲೆ ಮಡಿಸಿದ ಟವೆಲ್ ಇಟ್ಟು ಅದರ ಮೇಲೆ ಸುತ್ತಿ, ಗಟ್ಟಿಯಾದ ಮೇಲೆ ಟವೆಲ್ ಎಳೆದು ತೆಗೆಯಬೇಕು. ಆ ಸಂದಿನಲ್ಲೇ ಮನುಷ್ಯ ಉಸಿರಾಡುವುದು. ಹೊಸ ಡಾಕ್ಟರೊಬ್ಬ ಒಮ್ಮೆ ಟವೆಲ್ ಮರೆತ. ಒಳಗಿದ್ದ ಹೆಂಗಸಿನ ತುಟಿ ನೀಲಿಯಾಯಿತು. ನಾನು ಓಡಿಹೋಗಿ ಕತ್ತರಿಸಿದೆ. ಇನ್ನು ಒಳಗಿದ್ದವರು ತಾವೇ ಒಡೆದುಕೊಂಡು ಹೊರಗೆ ಬಂದದ್ದನ್ನು ಅಷ್ಟು ವರ್ಷದಲ್ಲಿ ಒಂದು ಸಲವೂ ನೋಡಿಲ್ಲ, ತಾಯಿ. ಹೊರಗಿನಿಂದಲೇ ಯಾರಾದರೂ ಕತ್ತರಿಸಬೇಕು.

ಮಾಡಬೇಡ ಅಂದರೆ ಮಾಡಿಯೇ ತೀರುತ್ತೀಯ, ನನ್ನ ಮಗಳು ತಾನೆ. ಅದಕ್ಕೇ ಅನ್ನುವುದಿಲ್ಲ. ಕೂಗಾಡುವ ತ್ರಾಣವೂ ಉಳಿದಿಲ್ಲ. ಇಷ್ಟು ಬರೆಯುವಷ್ಟರಲ್ಲೇ ಕೈ ಸೋತಿತು.

ಚೆನ್ನಾಗಿರು ಅಂತ ನಿಮ್ಮಮ್ಮ ಹರಸಿದ್ದಾಳೆ. ನನ್ನದೂ ಅದರಲ್ಲೇ ಸೇರಿಸಿಕೊ.

ನಿನ್ನ ಅಪ್ಪ

ತಾ.ಕ.: ಗುರುವಾರ ಮಧ್ಯಾಹ್ನದೊಳಗೆ ಅಲ್ಲಿರುತ್ತೇನೆ, ಬಸ್ಸಿನ ಟಿಕೆಟ್ ಆಗಿದೆ. ಪ್ಲಾಸ್ಟರ್ ನಾನೇ ಹಾಕುತ್ತೇನೆ, ಸಂಜೆ ನಾನೇ ಕತ್ತರಿಸುತ್ತೇನೆ. ಜನರ ಎದುರೇ ಆಗಬೇಕು ಅಂದರೆ ಅದಕ್ಕೂ ಸರಿ. ಒಂದೇ ಮಾತು: ಸುತ್ತಿ ಮುಗಿಸುವ ತನಕ ನನ್ನನ್ನು ಅಪ್ಪಾ ಅಂತ ಕರೆಯಬೇಡ. ಟವೆಲ್ ಇಡುವುದು ಮರೆತೀತು.